'ಹಾಗಂದರೇನು?': ಫ್ರೆಂಚ್ ಸಿನಿಮಾದಲ್ಲಿ ಅಮೆರಿಕದ ಹೆಣ್ಣು

(ನಮ್ಮ ಚಿತ್ರ ಬಳಗದಲ್ಲಿ ಒಂದು ಭಾನುವಾರ ಸಂಜೆ ಮಾಡಿದ ಉಪನ್ಯಾಸ. ಬರೆಯುವಾಗ ಸ್ವಲ್ಪ ಓರಣ ಮಾಡಿದ್ದೇನೆ. ಮಾತಿನ ಅಡ್ಡದಾರಿಗಳನ್ನು ಪೂರ್ತಿ ಮುಚ್ಚಿಲ್ಲ.)

ಎಲ್ಲರಿಗೂ ನಮಸ್ಕಾರ.

ನಮ್ಮ ಮನೆಯ ಮಾತಿನಿಂದಲೇ ಶುರು ಮಾಡುತ್ತೇನೆ. ಕನ್ನಡ ಸಿನಿಮಾಕ್ಕೆ ಮುಂಬೈಯಿಂದ, ಕೇರಳದಿಂದ, ಪಂಜಾಬಿನಿಂದ ನಾಯಕಿಯರು ಬರುತ್ತಾರೆ. ತೆರೆಯ ಮೇಲೆ ಅವರು ಮಂಡ್ಯದ ಗೌಡರ ಮಗಳು. ಬಾಯಿ ಅವರದು, ದನಿ ಇನ್ನೊಬ್ಬರದು. ಯಾರೋ ಡಬ್ಬಿಂಗ್ ಕಲಾವಿದೆ ಸ್ಟುಡಿಯೋದಲ್ಲಿ ನಿಂತು ಅಚ್ಚ ಕನ್ನಡದಲ್ಲಿ ಮಾತಾಡಿರುತ್ತಾರೆ. ಆ ನಾಯಕಿಯ ಬಾಯಲ್ಲಿ ಕನ್ನಡ ಹೇಗೆ ಕೇಳುತ್ತದೆ ಅನ್ನೋದು ನಮಗೆ ಗೊತ್ತಾಗುವುದು ಟಿವಿ ಸಂದರ್ಶನದಲ್ಲಿ ಮಾತ್ರ. ಅದೂ 'ಎಲ್ಲರಿಗೂ ನಮಸ್ಕಾರ, ಚೆನ್ನಾಗಿದ್ದೀರಾ' ಎಂಬ ಒಂದೇ ವಾಕ್ಯ.

(ಸಭೆಯಲ್ಲಿ ನಗು.)

ಫ್ರೆಂಚರೂ ಮೊದಲು ಹೀಗೇ ಮಾಡುತ್ತಿದ್ದರು. ಲೂಯಿಸ್ ಬ್ರೂಕ್ಸ್ ಎಂಬ ಅಮೆರಿಕನ್ ನಟಿ 1930ರಲ್ಲಿ ಪ್ಯಾರಿಸ್‌ನ ಒಂದು ಚಿತ್ರದಲ್ಲಿ ನಟಿಸಿದಳು. ಪಾತ್ರ ಫ್ರೆಂಚ್ ಟೈಪಿಸ್ಟ್‌ದು. ದನಿ ಮಾತ್ರ ಬೇರೆಯವರದು. ಆದರೆ ಮೂವತ್ತು ವರ್ಷ ಕಳೆಯುವಷ್ಟರಲ್ಲಿ ಗಾಳಿ ತಿರುಗಿತು. ಅಮೆರಿಕದ ಹುಡುಗಿಯ ತೊದಲು ಫ್ರೆಂಚನ್ನು ತಿದ್ದದೆ ಹಾಗೇ ಇಟ್ಟುಕೊಂಡರು. ನೋಡುವವರಿಗೆ ಅದೇ ಇಷ್ಟವಾಯಿತು. ನನ್ನ ಮಾತೆಲ್ಲ ಇವತ್ತು ಆ ನಾಲಿಗೆಯ ಸುತ್ತಲೇ. ಕೂದಲು, ಬಟ್ಟೆ, ಸೌಂದರ್ಯದ ಬಗ್ಗೆ ಬೇಕಾದಷ್ಟು ಜನ ಬರೆದಿದ್ದಾರೆ.

ಮಾತು ಬರುವ ಮುಂಚಿನ ಕಾಲವನ್ನು ಬೇಗ ಮುಗಿಸಿಬಿಡೋಣ. ಇಲಿನಾಯ್‌ನ ಲೋಯ್ ಫುಲ್ಲರ್ 1892ರಲ್ಲಿ ಪ್ಯಾರಿಸ್‌ಗೆ ಬಂದು, ಉದ್ದನೆಯ ರೇಷ್ಮೆ ಬಟ್ಟೆಯನ್ನು ಕೋಲಿನಿಂದ ಬೀಸುತ್ತಾ, ಬಣ್ಣದ ಬೆಳಕಿನಲ್ಲಿ ಕುಣಿದಳು. ಊರಿಗೆ ಊರೇ ಮರುಳಾಯಿತು. ಕೆಲವೇ ವರ್ಷಗಳಲ್ಲಿ ಲೂಮಿಯೇರ್ ಸಹೋದರರ ಕ್ಯಾಮೆರಾ ಆ ಕುಣಿತವನ್ನು ಹಿಡಿಯಿತು. ತಮಾಷೆಯೆಂದರೆ, ಅದರಲ್ಲಿ ಕುಣಿಯುವವಳು ಫುಲ್ಲರ್ ಅಲ್ಲ, ಆಕೆಯನ್ನು ಅನುಕರಿಸಿದ ಇನ್ನೊಬ್ಬಳು. ಆಮೇಲೆ 1915ರ ಕೊನೆಗೆ ಅಮೆರಿಕನ್ ನಟಿ ಪರ್ಲ್ ವೈಟ್ ಪ್ಯಾರಿಸ್‌ನ ತೆರೆಗೆ ಬಂದಳು. ಯುದ್ಧದ ಮಧ್ಯೆ, ವಾರಕ್ಕೊಂದು ಕಂತು. ಅಪಾಯಕ್ಕೆ ಸಿಕ್ಕಿಕೊಳ್ಳುವುದು, ಪಾರಾಗುವುದು, ಮುಂದಿನ ವಾರ ಮತ್ತೆ ಸಿಕ್ಕಿಕೊಳ್ಳುವುದು. ಅಮೆರಿಕದಲ್ಲಿ ತಯಾರಾದ ಆ ಧಾರಾವಾಹಿಗೆ ದುಡ್ಡು ಹಾಕಿದ್ದು ಪಾತೆ ಎಂಬ ಫ್ರೆಂಚ್ ಕಂಪನಿ. ಗಂಡಸರೆಲ್ಲ ಯುದ್ಧಕ್ಕೆ ಹೋಗಿದ್ದಾಗ ಪ್ಯಾರಿಸ್ ಜನ ಕಂಡ ಅಮೆರಿಕದ ಹೆಣ್ಣು ಹೀಗಿದ್ದಳು: ಗಟ್ಟಿಗಿತ್ತಿ, ಓಡುವವಳು, ಮಾತಿಲ್ಲದವಳು.

ಜೋಸೆಫೀನ್ ಬೇಕರ್ ಹತ್ತಿರ ಮಾತ್ರ ನಿಲ್ಲಲೇಬೇಕು.

1906ರಲ್ಲಿ ಮಿಸ್ಸೂರಿಯ ಸೇಂಟ್ ಲೂಯಿಸ್‌ನಲ್ಲಿ ಹುಟ್ಟಿದ ಕಪ್ಪು ಹುಡುಗಿ. 1925ರಲ್ಲಿ ಪ್ಯಾರಿಸ್‌ನ ರಂಗಮಂಚಕ್ಕೆ ಬಂದಾಗ ವಯಸ್ಸು 19. ಒಂದೇ ರಾತ್ರಿಯಲ್ಲಿ ಊರ ತುಂಬ ಅವಳದೇ ಸುದ್ದಿ. ಇಂಥವಳನ್ನು ಸಿನಿಮಾದವರು ಬಿಡುತ್ತಾರೆಯೇ? 1927ರ ಮೂಕಿ ಚಿತ್ರದಲ್ಲಿ ಅವಳು ಕೆರಿಬಿಯನ್ ದ್ವೀಪದ ಹುಡುಗಿ. 1934ರ 'ಝೂಝೂ'ದಲ್ಲಿ ಸರ್ಕಸ್‌ನಲ್ಲಿ ಬೆಳೆದು, ಬಟ್ಟೆ ಒಗೆದು, ಆಮೇಲೆ ತಾರೆಯಾಗುವವಳು. 1935ರ 'ಪ್ರಿನ್ಸೆಸ್ ತಾಮ್ ತಾಮ್'ನಲ್ಲಿ ಟ್ಯುನೀಷಿಯಾದಲ್ಲಿ ಕುರಿ ಕಾಯುವವಳು.

ಏನು ಬಿಟ್ಟುಹೋಯಿತು ನೋಡಿ. ಆ ಕಾಲದ ಪ್ಯಾರಿಸ್‌ನಲ್ಲಿ ಅವಳಷ್ಟು ಹೆಸರಾದ ಅಮೆರಿಕದ ಹೆಂಗಸು ಇನ್ನೊಬ್ಬಳಿರಲಿಲ್ಲ. ಹಾಗಿದ್ದೂ ಈ ಮೂರರಲ್ಲಿ ಒಂದರಲ್ಲೂ ಅವಳು ಅಮೆರಿಕದವಳಲ್ಲ! ಫ್ರೆಂಚ್ ಸಿನಿಮಾದ ತಲೆಯಲ್ಲಿ ಆಗ ಕಪ್ಪು ಹೆಣ್ಣು ಎಂದರೆ ತಮ್ಮ ವಸಾಹತಿನವಳು. ಅಮೆರಿಕದವಳು ಎಂದರೆ ಬಿಳಿಯಳು. ಬೇಕರ್ ಎರಡರ ನಡುವೆ ಬಿದ್ದಳು. ನಾಲಿಗೆಯಲ್ಲಿ ಅಮೆರಿಕ ಇತ್ತು. ಹಾಡಿದರೆ ಸಾಕು, ಗೊತ್ತಾಗುತ್ತಿತ್ತು. ಕೇಳುವವರು ಅದನ್ನೂ 'ದೂರದ ದ್ವೀಪದ ದನಿ' ಎಂದೇ ಕೇಳಿಸಿಕೊಂಡರು ಅಂತ ನನಗೆ ಅನಿಸುತ್ತದೆ.

'ಝೂಝೂ'ದಲ್ಲಿ ಒಂದು ದೃಶ್ಯವಿದೆ. ದೊಡ್ಡ ಪಂಜರ, ಒಳಗೆ ಉಯ್ಯಾಲೆ, ಮೈಗೆ ಪುಕ್ಕ ಕಟ್ಟಿಕೊಂಡು ಬೇಕರ್ ಹೈಟಿಯ ಹಾಡು ಹಾಡುತ್ತಾಳೆ. ಹಾಡು ಚೆನ್ನಾಗಿದೆ. ಪಂಜರ ನೋಡಿ ಸಂಕಟವಾಗುತ್ತದೆ. ಕೊನೆಗೆ ಅವಳು ಪ್ರೀತಿಸಿದ ಝಾನ್ ಗಾಬಾನ್ ಬಿಳಿ ಹುಡುಗಿಯ ಜೊತೆ ಹೋಗುತ್ತಾನೆ. ಇವಳು ಪಂಜರಕ್ಕೆ ವಾಪಸ್. ಇನ್ನೊಂದು ಚಿತ್ರದಲ್ಲಿ ಒಬ್ಬ ಕಾದಂಬರಿಕಾರ ಅವಳನ್ನು ಪ್ಯಾರಿಸ್‌ಗೆ ಕರೆತಂದು, ನಡೆ ನುಡಿ ಕಲಿಸಿ, ರಾಜಕುಮಾರಿ ಎಂದು ನಂಬಿಸುತ್ತಾನೆ. ಆಮೇಲೆ ನೋಡಿದರೆ ಅದೆಲ್ಲ ಅವನು ಬರೆದ ಕಾದಂಬರಿ, ಅವಳು ಟ್ಯುನೀಷಿಯಾ ಬಿಟ್ಟು ಬಂದೇ ಇಲ್ಲ. ಆ ಪುಸ್ತಕದ ಹೆಸರು 'ನಾಗರಿಕತೆ'. ಕೊನೆಯಲ್ಲಿ ಕತ್ತೆಯೊಂದು ಅದರ ಹಾಳೆಯನ್ನು ಮೇಯುತ್ತದೆ. ಆ ಕತ್ತೆಗೆ ನಾನು ಕೈ ಮುಗಿಯುತ್ತೇನೆ.

1937ರಲ್ಲಿ ಆಕೆ ಫ್ರೆಂಚ್ ಪ್ರಜೆಯಾದಳು. ಯುದ್ಧದಲ್ಲಿ ನಾಜಿಗಳ ವಿರುದ್ಧ ಗುಪ್ತವಾಗಿ ಕೆಲಸ ಮಾಡಿದಳು. 2021ರಲ್ಲಿ, ತೀರಿಕೊಂಡು 46 ವರ್ಷ ಕಳೆದ ಮೇಲೆ, ದೇಶದ ಮಹನೀಯರ ಸಾಲಿಗೆ ಸೇರಿಸಿ ಪ್ಯಾಂಥಿಯನ್‌ನಲ್ಲಿ ಗೌರವ ಕೊಟ್ಟರು. ಸಿನಿಮಾ ಅವಳಿಗೆ ಕೊಡದಿದ್ದನ್ನು ಸರ್ಕಾರ ಕೊಟ್ಟಿತು. ಇಂಥದ್ದು ಅಪರೂಪ, ಅಲ್ವಾ?

ಈಗ ಯುದ್ಧದ ನಂತರ. 1946ರ ಮೇ ತಿಂಗಳಲ್ಲಿ ಫ್ರಾನ್ಸ್ ಮತ್ತು ಅಮೆರಿಕ ಒಂದು ಒಪ್ಪಂದ ಮಾಡಿಕೊಂಡವು. ಸಾಲದ ವಿಷಯದಲ್ಲಿ ಅಮೆರಿಕ ಕೈ ಸಡಿಲ ಮಾಡಿತು. ಬದಲಿಗೆ ಫ್ರೆಂಚ್ ಚಿತ್ರಮಂದಿರಗಳ ಬಾಗಿಲು ತೆರೆಯಬೇಕು. 13 ವಾರಗಳಲ್ಲಿ ಫ್ರೆಂಚ್ ಸಿನಿಮಾಕ್ಕೆಂದು ಮೀಸಲಿಟ್ಟದ್ದು 4 ವಾರ ಮಾತ್ರ. ಹಾಲಿವುಡ್ ಚಿತ್ರಗಳು ಪ್ರವಾಹದ ಹಾಗೆ ಬಂದವು. ಹಿರಿಯರು ಬೀದಿಗಿಳಿದು ಪ್ರತಿಭಟಿಸಿದರು. ಹುಡುಗರು ಕತ್ತಲೆ ಹಾಲಿನಲ್ಲಿ ಕೂತು ಬೆಳೆದರು. ಆ ಹುಡುಗರಲ್ಲಿ ಒಬ್ಬ, ಮುಂದೆ ನಿರ್ದೇಶಕನಾದ ಗೊದಾರ್.

ಅವನ 'ಬ್ರೆತ್‌ಲೆಸ್' ಚಿತ್ರೀಕರಣವಾದದ್ದು 1959ರ ಬೇಸಿಗೆಯಲ್ಲಿ, ಬಿಡುಗಡೆ 1960ರ ಮಾರ್ಚ್‌ನಲ್ಲಿ. ನಾಯಕಿ ಜೀನ್ ಸೀಬರ್ಗ್, ಅಯೋವಾದ ಮಾರ್ಷಲ್‌ಟೌನ್ ಎಂಬ ಸಣ್ಣ ಊರಿನ ಔಷಧಿ ಅಂಗಡಿಯವರ ಮಗಳು. 17 ವಯಸ್ಸಿನಲ್ಲಿ, ಸುಮಾರು 18,000 ಹುಡುಗಿಯರ ನಡುವಿನಿಂದ ಆರಿಸಿ ಆಕೆಯನ್ನು ಜೋನ್ ಆಫ್ ಆರ್ಕ್ ಪಾತ್ರಕ್ಕೆ ಹಾಕಿದ್ದರು. ನೋಡಿ, ಅಮೆರಿಕನ್ ಹುಡುಗಿಗೆ ಸಿಕ್ಕ ಮೊದಲ ಪಾತ್ರವೇ ಫ್ರಾನ್ಸಿನ ವೀರಕನ್ಯೆ. ಚಿತ್ರ ಬಿದ್ದುಹೋಯಿತು. ಮುಂದಿನದಕ್ಕೂ ಅಮೆರಿಕದಲ್ಲಿ ಬೈಗುಳವೇ. ಆ ಎರಡನೆಯ ಚಿತ್ರದ ಕೊನೆಯ ಶಾಟ್‌ಗೆ 'ಮೂರು ವರ್ಷಗಳ ನಂತರ' ಎಂಬ ಬೋರ್ಡ್ ಹಾಕಿ ತನ್ನ ಕಥೆ ಶುರು ಮಾಡಬಹುದಿತ್ತು ಎಂದು ಗೊದಾರ್ ಹೇಳಿದ್ದಾನೆ. ಅಮೆರಿಕ ಬೇಡವೆಂದದ್ದನ್ನು ಪ್ಯಾರಿಸ್ ಎತ್ತಿಕೊಂಡಿತು.

ಪಾತ್ರದ ಹೆಸರು ಪ್ಯಾಟ್ರಿಷಿಯಾ. ಶಾಂಜೆಲಿಸೆ ಬೀದಿಯಲ್ಲಿ 'ನ್ಯೂಯಾರ್ಕ್ ಹೆರಾಲ್ಡ್ ಟ್ರಿಬ್ಯೂನ್' ಎಂದು ಕೂಗುತ್ತಾ ಪೇಪರ್ ಮಾರುತ್ತಾಳೆ. ಕೂದಲು ಹುಡುಗನ ಹಾಗೆ ಕತ್ತರಿಸಿದ್ದು. ಪತ್ರಕರ್ತೆಯಾಗುವ ಆಸೆ. ಈ ಚಿತ್ರವನ್ನು ತೆಗೆದದ್ದು ಸೌಂಡ್ ಇಲ್ಲದೆ, ಮಾತನ್ನೆಲ್ಲ ಆಮೇಲೆ ಸ್ಟುಡಿಯೋದಲ್ಲಿ ಸೇರಿಸಿದ್ದು. ಬೇಕಿದ್ದರೆ ಗೊದಾರ್ ಯಾರಾದರೂ ಪ್ಯಾರಿಸ್ ಹುಡುಗಿಯ ಕೈಯಲ್ಲಿ ಡಬ್ ಮಾಡಿಸಬಹುದಿತ್ತು. ಮಾಡಿಸಲಿಲ್ಲ. ಆ ಅಯೋವಾ ನಾಲಿಗೆಯೇ ಬೇಕು ಎಂದ. ಹಾಗಾಗಿ ಅವಳು ಪದೇ ಪದೇ ಕೇಳುವ ಪ್ರಶ್ನೆ ನಮ್ಮ ಕಿವಿಯಲ್ಲಿ ಉಳಿಯುತ್ತದೆ: 'ಹಾಗಂದರೇನು?' ಅವಳ ಪ್ಯಾರಿಸ್ ಗೆಳೆಯ ಮಿಶೆಲ್ ಆಡುವುದು ಪೋಕರಿಗಳ ಬೀದಿಭಾಷೆ. ಅವಳು ಕಲಿತಿರುವುದು ಪುಸ್ತಕದ ಫ್ರೆಂಚ್.

ಹೋಟೆಲ್ ರೂಮಿನ ದೃಶ್ಯ 20 ನಿಮಿಷಕ್ಕೂ ಜಾಸ್ತಿ ನಡೆಯುತ್ತದೆ. ಅವಳು ಗೋಡೆಗೆ ರೆನ್ವಾ ಚಿತ್ರ ಅಂಟಿಸುತ್ತಾಳೆ. ಅಮೆರಿಕದ ಕಾದಂಬರಿಕಾರ ಫಾಕ್ನರ್ ಗೊತ್ತಾ ಎಂದು ಕೇಳುತ್ತಾಳೆ. 'ಯಾರವನು, ನಿನ್ನ ಜೊತೆ ಮಲಗಿದವನಾ?' ಅನ್ನುತ್ತಾನೆ ಮಿಶೆಲ್. ಅವನಿಗೆ ಬೇಕಾದದ್ದು ಅಮೆರಿಕದ ಕಾರು, ಹಾಲಿವುಡ್ ನಟ ಹಂಫ್ರಿ ಬೊಗಾರ್ಟ್‌ನಂತೆ ತುಟಿ ಸವರುವುದು. ಅವಳಿಗೆ ಬೇಕಾದದ್ದು ಯುರೋಪು, ಪುಸ್ತಕ, ಸಂಗೀತ. ಅಮೆರಿಕದವಳು ಎಂದರೆ ದುಡ್ಡಿರುವವಳು, ತಿಳಿವಳಿಕೆ ಕಡಿಮೆ ಅನ್ನುವ ಹಳೇ ಫ್ರೆಂಚ್ ಜಂಬವನ್ನು ಗೊದಾರ್ ಇಲ್ಲಿ ತಲೆಕೆಳಗು ಮಾಡಿದ್ದಾನೆ. ಆಮೇಲೆ ಓರ್ಲಿ ವಿಮಾನ ನಿಲ್ದಾಣದಲ್ಲಿ ಒಬ್ಬ ಲೇಖಕನ ಪತ್ರಿಕಾಗೋಷ್ಠಿ. ಫ್ರೆಂಚ್ ಹೆಣ್ಣಿಗೂ ಅಮೆರಿಕದ ಹೆಣ್ಣಿಗೂ ಏನು ವ್ಯತ್ಯಾಸ ಎಂದು ಅವನನ್ನು ಕೇಳುತ್ತಾರೆ. ಅಮೆರಿಕದವಳು ಗಂಡಸನ್ನು ಆಳುತ್ತಾಳೆ, ಫ್ರೆಂಚ್ ಹೆಣ್ಣು ಇನ್ನೂ ಆಳುತ್ತಿಲ್ಲ ಎಂಬರ್ಥದ ಉತ್ತರ ಕೊಡುತ್ತಾನೆ. ಆ 'ಇನ್ನೂ' ಎಂಬ ಪದದಲ್ಲಿ ಒಂದಿಡೀ ತಲೆಮಾರಿನ ಗಂಡಸರ ಭಯ ಕೇಳುತ್ತದೆ.

ಕೊನೆಗೆ ಅವಳೇ ಪೊಲೀಸರಿಗೆ ಫೋನ್ ಮಾಡಿ ಅವನನ್ನು ಹಿಡಿದುಕೊಡುತ್ತಾಳೆ. 'ವಿಶ್ವಾಸಘಾತಕಿ' ಎಂದು ಬಹಳ ಜನ ಬರೆದಿದ್ದಾರೆ. ನಾನೂ ಕಾಲೇಜಿನಲ್ಲಿ ಹಾಗೇ ಅಂದುಕೊಂಡಿದ್ದೆ. ಈಗ ನೋಡುವಾಗ ಇನ್‌ಸ್ಪೆಕ್ಟರ್ ಅವಳ ಪಾಸ್‌ಪೋರ್ಟ್ ಎತ್ತಿ ಬೆದರಿಸುವ ದೃಶ್ಯ ಕಣ್ಣಿಗೆ ಬೀಳುತ್ತದೆ. ಪರದೇಶದಲ್ಲಿ ಒಬ್ಬಳೇ ಇರುವ 20-21ರ ಹುಡುಗಿ. ಪೊಲೀಸನೊಬ್ಬನನ್ನು ಕೊಂದು ಓಡಾಡುತ್ತಿರುವ ಗೆಳೆಯ. ನೀವಾಗಿದ್ದರೆ ಏನು ಮಾಡುತ್ತಿದ್ದಿರಿ?

ರಸ್ತೆಯಲ್ಲಿ ಗುಂಡು ತಿಂದು ಬಿದ್ದ ಮಿಶೆಲ್ ಏನೋ ಗೊಣಗುತ್ತಾನೆ. ಅವನು ಹೇಳಿದ್ದು 'ಎಂಥ ಹೇಸಿಗೆ' ಎಂದು ಕೇಳಿಸುತ್ತದೆ. ಯಾರನ್ನು, ಯಾವುದನ್ನು ಎಂದು ಸ್ಪಷ್ಟವಿಲ್ಲ. ಏನಂದ ಎಂದು ಅವಳು ಕೇಳುತ್ತಾಳೆ. 'ನೀವು ಹೇಸಿಗೆಯ ಹೆಂಗಸು ಅಂದ' ಎಂದು ಇನ್‌ಸ್ಪೆಕ್ಟರ್ ಅರ್ಥ ಬದಲಾಯಿಸಿ ದಾಟಿಸುತ್ತಾನೆ. ಅವಳು ಕ್ಯಾಮೆರಾದತ್ತ ತಿರುಗಿ, ಮಿಶೆಲ್‌ನಂತೆ ಹೆಬ್ಬೆರಳಿನಿಂದ ತುಟಿ ಸವರಿ, ಮತ್ತದೇ ಪ್ರಶ್ನೆ ಕೇಳುತ್ತಾಳೆ. ಆ ಪದ, ಹಾಗಂದರೇನು? ಚಿತ್ರ ಮುಗಿಯಿತು. ಸಾಯುವವನ ಮಾತಿನ ಅರ್ಥ ಅವಳಿಗೆ ಸಿಗುವುದು ಪೊಲೀಸನ ಮೂಲಕ. ಅದೂ ತಪ್ಪು ಅರ್ಥ.

ಅಲ್ಲಿಂದ ಅಮೆರಿಕನ್ ವಿದ್ಯಾರ್ಥಿನಿಯರ ಸಾಲೇ ಬಂತು. ರೊಮೇರ್ 1964ರಲ್ಲಿ ಪ್ಯಾರಿಸ್‌ನಲ್ಲಿ ಓದುತ್ತಿದ್ದ ನಾಡ್ಯಾ ಎಂಬ ನಿಜವಾದ ವಿದ್ಯಾರ್ಥಿನಿಯ ಮೇಲೆ ಪುಟ್ಟ ಚಿತ್ರ ಮಾಡಿದ. ಅವಳು ನಡೆಯುತ್ತಾಳೆ, ಓದುತ್ತಾಳೆ, ತನ್ನ ಬಗ್ಗೆ ತಾನೇ ಹೇಳುತ್ತಾಳೆ. ನನಗೆ ಬಹಳ ಇಷ್ಟ. ಮರುವರ್ಷ ಬಂದ ಇನ್ನೊಂದು ಕಿರುಚಿತ್ರದಲ್ಲಿ ಪ್ಯಾರಿಸ್ ಹುಡುಗನೊಬ್ಬ ತಾನು ದೊಡ್ಡ ಮನೆಯವನು ಎಂದು ಬೂಸಿ ಬಿಟ್ಟು ಅಮೆರಿಕದ ಹುಡುಗಿಯನ್ನು ಮರುಳು ಮಾಡುತ್ತಾನೆ. ಅಂಥವು ಬೇಕಾದಷ್ಟಿವೆ, ಬಿಡಿ.

ಜಾಕ್ ತಾತಿಯ 'ಪ್ಲೇಟೈಮ್' ಬೇರೆ ಜಾತಿಯದು. 1967ರ ಚಿತ್ರ. ಬಸ್ಸಿನ ತುಂಬ ಅಮೆರಿಕದ ಹೆಂಗಸರು, ತಲೆಗೆ ಹೂವಿನ ಟೋಪಿ, ಕೈಯಲ್ಲಿ ಕ್ಯಾಮೆರಾ. ಗುಂಪಾಗಿ ಬಂದು ಗುಂಪಾಗಿ ಹೋಗುತ್ತಾರೆ. ತಾತಿ ಅವರನ್ನು ಗೇಲಿ ಮಾಡುತ್ತಾನೆ, ಹೀಯಾಳಿಸುವುದಿಲ್ಲ. ಅವರು ನೋಡಲು ಬಂದ ಪ್ಯಾರಿಸ್ ಅಲ್ಲಿ ಇಲ್ಲವೇ ಇಲ್ಲ. ಎಲ್ಲೆಲ್ಲೂ ಗಾಜು, ಉಕ್ಕು, ಬೂದು ಬಣ್ಣ. ಗುಂಪಿನ ಬಾರ್ಬರಾ ಎಂಬ ಹುಡುಗಿ ಗಾಜಿನ ಬಾಗಿಲು ತೆರೆದಾಗ ಅದರಲ್ಲಿ ಐಫೆಲ್ ಗೋಪುರ ಒಂದು ಕ್ಷಣ ಮಿಂಚುತ್ತದೆ. ಅವಳಿಗೆ ಸಿಗುವ ಐಫೆಲ್ ಅಷ್ಟೇ. ರಸ್ತೆ ಬದಿಯ ಹೂವಾಡಗಿತ್ತಿಯ ಫೋಟೋ ತೆಗೆಯೋಣ ಎಂದರೆ ಪ್ರತಿ ಸಲ ಯಾರಾದರೂ ಅಡ್ಡ ಬರುತ್ತಾರೆ. ಬಾರ್ಬರಾ ಪಾತ್ರ ಮಾಡಿದವಳು ಮಾತ್ರ ಜರ್ಮನ್ ಹುಡುಗಿ. ಲೂಮಿಯೇರ್ ಕಾಲದ ಹಾಗೆ ಇಲ್ಲೂ ಅಮೆರಿಕದವಳಿಗೆ ಬದಲಿ! ಚಿತ್ರ ಬಂದ ಅದೇ 1967ರಲ್ಲಿ, ಫ್ರಾನ್ಸಿನ ಅಧ್ಯಕ್ಷ ದ ಗಾಲ್ ಹೇಳಿದಂತೆ, ಅಮೆರಿಕದ ಸೈನಿಕರು ಫ್ರಾನ್ಸಿನ ನೆಲೆಗಳನ್ನು ಖಾಲಿ ಮಾಡಿ ಹೋದರು. ಪ್ರವಾಸಿಗಳು ಉಳಿದರು.

ಈಗ ಹಾಲಿವುಡ್ ನಟಿ ಜೇನ್ ಫೊಂಡಾ. ಈ ಭಾಗ ಹೇಳುವಾಗ ನನಗೆ ಸ್ವಲ್ಪ ಸಿಟ್ಟು ಬರುತ್ತದೆ, ಮೊದಲೇ ಕ್ಷಮೆ ಕೇಳುತ್ತೇನೆ.

1972ರಲ್ಲಿ ಗೊದಾರ್ ಮತ್ತು ಝಾನ್-ಪಿಯೇರ್ ಗೋರಾ ಸೇರಿ 'ಟು ವಾ ಬಿಯಾ' ಮಾಡಿದರು. ಫೊಂಡಾ ಪ್ಯಾರಿಸ್‌ನಲ್ಲಿರುವ ಅಮೆರಿಕನ್ ರೇಡಿಯೋ ವರದಿಗಾರ್ತಿ. ಗಂಡ ಈವ್ ಮೊಂತಾನ್, ಸಿನಿಮಾ ಬಿಟ್ಟು ಜಾಹೀರಾತು ಮಾಡುವವನು. ಸಾಸೇಜ್ ಕಾರ್ಖಾನೆಯಲ್ಲಿ ಮುಷ್ಕರ. ಕಾರ್ಮಿಕರು ಮ್ಯಾನೇಜರ್ ಜೊತೆಗೆ ಇವರಿಬ್ಬರನ್ನೂ ಕೂಡಿಹಾಕುತ್ತಾರೆ. ಪ್ಯಾಟ್ರಿಷಿಯಾ ಆಗಬೇಕೆಂದಿದ್ದ ಪತ್ರಕರ್ತೆ ಇಲ್ಲಿ ನಿಜವಾಗಿಯೂ ಆಗಿದ್ದಾಳೆ. ನಾಲಿಗೆ ಪಳಗಿದೆ. 'ಹಾಗಂದರೇನು' ಎಂದು ಕೇಳುವುದಿಲ್ಲ. ತನ್ನ ಗಂಡನಿಗೆ ನಮ್ಮಿಬ್ಬರ ಬದುಕೇನು ಎಂದು ಸರಿಯಾಗಿ ಕೇಳುತ್ತಾಳೆ. ಅಮೆರಿಕದ ಹೆಣ್ಣನ್ನು ಅಷ್ಟು ಗಂಭೀರವಾಗಿ ತೆಗೆದುಕೊಂಡ ಫ್ರೆಂಚ್ ಚಿತ್ರ ಅದಕ್ಕೂ ಮುಂಚೆ ನನಗೆ ಕಂಡಿಲ್ಲ.

ಅದೇ ವರ್ಷ ಅದೇ ಇಬ್ಬರು ಇನ್ನೊಂದು ಮಾಡಿದರು: 'ಲೆಟರ್ ಟು ಜೇನ್'. 52 ನಿಮಿಷ. ವಿಯೆಟ್ನಾಂ ಯುದ್ಧದ ಕಾಲದಲ್ಲಿ ಫೊಂಡಾ ಅಲ್ಲಿನ ಹನೋಯ್‌ಗೆ ಹೋಗಿದ್ದಾಗ ತೆಗೆದ ಒಂದು ಫೋಟೋ ಪತ್ರಿಕೆಯಲ್ಲಿ ಬಂದಿತ್ತು. ಅಡಿಬರಹ: ಫೊಂಡಾ ಅಲ್ಲಿನ ಜನರನ್ನು ಪ್ರಶ್ನಿಸುತ್ತಿದ್ದಾರೆ. ಗೊದಾರ್ ಮತ್ತು ಗೋರಾ ಹೇಳುತ್ತಾರೆ, ನೋಡಿ, ಅವಳು ಪ್ರಶ್ನೆ ಕೇಳುತ್ತಿಲ್ಲ, ಕೇಳಿಸಿಕೊಳ್ಳುತ್ತಿದ್ದಾಳೆ. ಒಳ್ಳೆಯ ಗಮನ, ಒಪ್ಪಿಕೊಳ್ಳುತ್ತೇನೆ. ಆದರೆ ಅಲ್ಲಿಗೆ ನಿಲ್ಲಿಸುವುದಿಲ್ಲ. ಅವಳ ಮುಖಭಾವ ಪೊಳ್ಳು, ಅದು ಅವಳ ಅಪ್ಪ, ನಟ ಹೆನ್ರಿ ಫೊಂಡಾನಿಂದ ಬಂದದ್ದು ಎಂದು ಬಿಡಿಸುತ್ತಾ ಹೋಗುತ್ತಾರೆ. ಇಬ್ಬರು ಗಂಡಸರ ದನಿ. ಅದೂ ಇಂಗ್ಲಿಷಿನಲ್ಲಿ, ದಪ್ಪ ಫ್ರೆಂಚ್ ನಾಲಿಗೆಯಲ್ಲಿ. ಹದಿಮೂರು ವರ್ಷದ ಹಿಂದೆ ಅಯೋವಾ ಹುಡುಗಿ ಅವರ ಭಾಷೆಯಲ್ಲಿ ತೊದಲಿದ್ದಳು. ಈಗ ಅವರು ಅವಳ ಭಾಷೆಯಲ್ಲಿ ತೊದಲುತ್ತಿದ್ದಾರೆ. ಪ್ಯಾಟ್ರಿಷಿಯಾಗೆ ಒಂದು ಪ್ರಶ್ನೆಯಾದರೂ ಇತ್ತು. ಜೇನ್‌ಗೆ 52 ನಿಮಿಷದಲ್ಲಿ ಒಂದು ಮಾತೂ ಇಲ್ಲ. ಅವಳು ಬರೀ ಫೋಟೋ.

ಸೀಬರ್ಗ್ ಕಥೆ ಮುಗಿಸಬೇಕು. ಆಕೆ ಕಪ್ಪು ಜನರ ಹೋರಾಟಕ್ಕೆ ದುಡ್ಡು ಕೊಡುತ್ತಿದ್ದಳು. 1970ರಲ್ಲಿ ಬಸುರಿಯಾಗಿದ್ದಾಗ, ಮಗುವಿನ ತಂದೆ ಆ ಹೋರಾಟದ ಬ್ಲ್ಯಾಕ್ ಪ್ಯಾಂಥರ್ ಎಂಬ ಸಂಘಟನೆಯ ಸದಸ್ಯ ಎಂಬ ಗಾಳಿಸುದ್ದಿಯನ್ನು ಎಫ್‌ಬಿಐ ಪತ್ರಿಕೆಗಳಿಗೆ ದಾಟಿಸಿತು. ಮಗು ಅವಧಿಗೆ ಮುಂಚೆ ಹುಟ್ಟಿ ಎರಡು ದಿನಕ್ಕೆ ತೀರಿಕೊಂಡಿತು. 1979ರಲ್ಲಿ ಪ್ಯಾರಿಸ್‌ನ ಬೀದಿಯೊಂದರಲ್ಲಿ ನಿಂತ ಕಾರಿನಲ್ಲಿ ಆಕೆಯ ಶವ ಸಿಕ್ಕಿತು. ವಯಸ್ಸು 40. ಆ ಸುದ್ದಿ ಹರಡಿದ್ದು ತಾನೇ ಎಂದು ಎಫ್‌ಬಿಐ ಒಪ್ಪಿಕೊಂಡದ್ದು ಆಮೇಲೆ. 'ನೀವು ಹೇಸಿಗೆಯ ಹೆಂಗಸು ಅಂದ' ಎಂದು ದಾಟಿಸಿದ ಸಿನಿಮಾ ಇನ್‌ಸ್ಪೆಕ್ಟರ್ ನನಗೆ ಇಲ್ಲಿ ನೆನಪಾಗುತ್ತಾನೆ.

ಆಕೆ ಬದುಕಿದ್ದಾಗಲೇ, 1974ರಲ್ಲಿ, ಫಿಲಿಪ್ ಗಾರೆಲ್ ಒಂದು ಚಿತ್ರ ಮಾಡಿದ. ಕಪ್ಪು ಬಿಳುಪು. ಪೂರ್ತಿ ನಿಶ್ಶಬ್ದ, ಸಂಗೀತವೂ ಇಲ್ಲ. ಸೀಬರ್ಗ್ ಮುಖವೇ ಹೆಚ್ಚು ಹೊತ್ತು. ನಗುತ್ತಾಳೆ, ಅಳುತ್ತಾಳೆ, ಸುಮ್ನೆ ಮಲಗಿರುತ್ತಾಳೆ. ನಾನು ಮೊದಲ ಸಲ ನೋಡಿದಾಗ ಲ್ಯಾಪ್‌ಟಾಪ್ ಸ್ಪೀಕರ್ ಕೆಟ್ಟಿದೆ ಅಂದುಕೊಂಡು ಎರಡು ಸಲ ವೈರ್ ಅಲ್ಲಾಡಿಸಿದೆ.

ಹೊಸ ಕಾಲದ್ದು ಎರಡೇ ಮಾತು. ಕ್ರಿಸ್ಟನ್ ಸ್ಟೀವರ್ಟ್, ಫ್ರೆಂಚ್ ನಿರ್ದೇಶಕ ಅಸ್ಸಾಯಾಸ್‌ನ ಚಿತ್ರದಲ್ಲಿ ಒಬ್ಬ ಫ್ರೆಂಚ್ ನಟಿಯ ಅಮೆರಿಕನ್ ಸಹಾಯಕಿಯಾಗಿ ನಟಿಸಿ 2015ರಲ್ಲಿ ಫ್ರೆಂಚ್ ಸಿನಿಮಾದ ಸೀಸರ್ ಪ್ರಶಸ್ತಿ ಪಡೆದಳು. ಅದನ್ನು ಗೆದ್ದ ಮೊದಲ ಅಮೆರಿಕನ್ ನಟಿ. ಮುಂದಿನ 'ಪರ್ಸನಲ್ ಶಾಪರ್'ನಲ್ಲಿ ಸ್ಕೂಟರ್ ಮೇಲೆ ಪ್ಯಾರಿಸ್ ಸುತ್ತುತ್ತಾ ಯಾರೋ ಶ್ರೀಮಂತಳಿಗೆ ಬಟ್ಟೆ ಆರಿಸುತ್ತಾಳೆ. ಪ್ಯಾಟ್ರಿಷಿಯಾಳಂತೆ ಇವಳೂ ಬೀದಿಯಲ್ಲಿ ದುಡಿಯುವವಳೇ. ಒಂದೇ ವ್ಯತ್ಯಾಸ: ಚಿತ್ರವೇ ಹೆಚ್ಚುಪಾಲು ಇಂಗ್ಲಿಷ್ ಮಾತಾಡುತ್ತದೆ. ತೊದಲುವ ಕೆಲಸ ಈಗ ಫ್ರೆಂಚರದು. ಇನ್ನು 2025ರಲ್ಲಿ ರೆಬೆಕಾ ಝ್ಲೊಟೊವ್‌ಸ್ಕಿ ಜೋಡಿ ಫಾಸ್ಟರ್‌ಗೆ ಪ್ಯಾರಿಸ್‌ನ ಮನೋವೈದ್ಯೆಯ ಪಾತ್ರ ಕೊಟ್ಟಳು. ಫಾಸ್ಟರ್ ಲಾಸ್ ಏಂಜಲೀಸ್‌ನ ಫ್ರೆಂಚ್ ಶಾಲೆಯಲ್ಲಿ ಓದಿದವಳು, ನೀರು ಕುಡಿದಷ್ಟು ಸಲೀಸಾಗಿ ಮಾತಾಡುತ್ತಾಳೆ. ಫ್ರೆಂಚರು ಬಂದು ಅವಳ ಮುಂದೆ ಕೂತು ತಮ್ಮ ಗುಟ್ಟು ಹೇಳಿಕೊಳ್ಳುತ್ತಾರೆ. ಅರ್ಥ ಹೇಳುವವಳು ಈಗ ಅವಳು.

(ಮಾತು ಮುಗಿದ ಮೇಲೆ ಪ್ರಶ್ನೆಗಳಿದ್ದವು. ಒಂದನ್ನು ಮಾತ್ರ ಇಲ್ಲಿ ಬರೆಯುತ್ತೇನೆ.)

ಒಬ್ಬ ವಿದ್ಯಾರ್ಥಿ, ಮಿಶೆಲ್ ನಿಜವಾಗಿ ಏನಂದ, ಇನ್ನೊಂದು ಸಲ ಹಾಕಿ ಸರ್ ಎಂದ. ಕೊನೆಯ ಎರಡು ನಿಮಿಷ ಮತ್ತೆ ಹಾಕಿದೆವು. ಫ್ರೆಂಚ್ ಕಲಿತ ಇಬ್ಬರಿದ್ದರು. ಒಬ್ಬರಿಗೆ 'ಇದು' ಎಂದು ಕೇಳಿಸಿತು, ಇನ್ನೊಬ್ಬರಿಗೆ 'ನೀನು'. ಉಳಿದವರು ಸಬ್‌ಟೈಟಲ್ ಓದುತ್ತಿದ್ದರು. ಕನ್ನಡದಲ್ಲಿ ಏನು ಹಾಕಬೇಕು ಎಂದು ಚರ್ಚೆ ಶುರುವಾಯಿತು. ಅಸಹ್ಯ, ಹೊಲಸು, ಹೇಸಿಗೆ ಎಂದು ಒಬ್ಬೊಬ್ಬರು ಒಂದೊಂದು ಹೇಳಿದರು.

ಹಿಂದಿನ ಸಾಲಿನಲ್ಲಿ ಕೂತಿದ್ದ ಹಿರಿಯರೊಬ್ಬರು ಅಷ್ಟು ಹೊತ್ತು ಮಾತಾಡಿರಲಿಲ್ಲ. 'ಅಷ್ಟೆಲ್ಲ ಯಾಕ್ರೀ' ಅಂದರು ಆ ಅಮ್ಮ. 'ಸಾಯೋನು ಥೂ ಅಂತಾನೆ. ಯಾರಿಗಂತ ಅವನಿಗೂ ಗೊತ್ತಿಲ್ಲ. ಆ ಪೊಲೀಸಪ್ಪ ಬಂದು, ನಿಮಗೇ ಅಂದಿದ್ದು ಕಣಮ್ಮ ಅಂತಾನೆ.'